ಸೂಜಿಗಣ್ಣು

ಯಾನಾ ನದಿಯ ದಂಡೆ ಜುಲೈಯಲ್ಲಿ ಬೆವರುತ್ತದೆ.
ಮಂಜುಗಟ್ಟಿದ ನೆಲ ಸಡಿಲಾಗಿ
ಧೊಪ್ಪನೆ ನೀರಿಗೆ ಬೀಳುತ್ತದೆ, ನಡುರಾತ್ರಿಯಲ್ಲೂ.
ನಡುರಾತ್ರಿ ಅನ್ನುವುದು ಗಡಿಯಾರದ ಮಾತು ಅಷ್ಟೆ,
ಸೂರ್ಯ ಗುಡ್ಡದ ಮೇಲೆ ಕುಂಡಿ ಊರಿ ಕೂತೇ ಇರುತ್ತಾನೆ.

ಬಿದ್ದ ಮಣ್ಣಿಗೊಂದು ವಾಸನೆ: ಹಳೇ ಕೊಟ್ಟಿಗೆ,
ಹುಳಿ ಬಂದ ಚರ್ಮ, ಯಾರೋ ಈಗಷ್ಟೇ ಆರಿಸಿದ ಒಲೆ.
ಪಟ್ಟಣದಿಂದ ಬಂದ ಹುಡುಗರು ಮೂಗು ಮುಚ್ಚುತ್ತಾರೆ.
ನನಗೆ ಹಸಿವಾಗುತ್ತದೆ.

ನಾನು ಅಕುಲಿನಾ, ಜರಡಿಯವಳು. ದಿನಗೂಲಿ.
ಪಂಪಿನ ನೀರಲ್ಲಿ ಮಣ್ಣು ತೊಳೆದು
ಉಳಿದದ್ದನ್ನು ತಟ್ಟೆಗೆ ಹಾಕುವುದು ಕೆಲಸ.
ಉಳಿಯುವುದು ಹೆಚ್ಚಾಗಿ ಮೊಲದ ಮೂಳೆ.
ಮೊಲ, ಮೊಲ, ಮತ್ತೆ ಮೊಲ.
"ಇಷ್ಟೊಂದು ಯಾಕೆ ತಿಂದರು?" ಇಗ್ನಾತಿ ಲ್ವೊವಿಚ್
ಗಡ್ಡ ಕೆರೆದು ಕೇಳಿಕೊಳ್ಳುತ್ತಾರೆ, ನನ್ನನ್ನಲ್ಲ.
ತಿನ್ನುವುದಕ್ಕಲ್ಲ, ಮಹಾರಾಯ.
ಮೊಲದ ತೊಗಲು ಕೂಸಿನ ಕುಪ್ಪಸಕ್ಕೆ.
ಎರಡೂ ಕಣ್ಣು ಹೋದಮೇಲೂ ನನ್ನಜ್ಜಿ
ಬೆರಳಿಂದ ನೋಡಿ ನೋಡಿ ಹೊಲಿದಳಲ್ಲ, ಹಾಗೆ.

ಕೆಳದಂಡೆಯಲ್ಲಿ ದ್ಯುಲುಸ್ತಾನನ ಗುಂಪು:
ಅವರದೂ ಪಂಪೇ, ಅವರದೂ ನೀರೇ,
ದಂತ ಸಿಕ್ಕರೆ ಕಿಲೋ ಲೆಕ್ಕ, ಸಿಗದಿದ್ದರೆ ವೋಡ್ಕಾ.
ನನ್ನ ತಂಗಿಯ ಮಗ ಅವನು. ಸಂಜೆ ಮೀನು ತಂದು
ಕೇಳುತ್ತಾನೆ: "ದೊಡ್ಡಮ್ಮಾ, ಅವರಿಗೇನು ಸಿಕ್ಕಿತು?"
"ಮೊಲ" ಅನ್ನುತ್ತೇನೆ.
ನಗುತ್ತಾನೆ. ಅವನ ಕೈಗವಸಿನ ಹೆಬ್ಬೆರಳು ಹರಿದಿದೆ.

ಗುರುವಾರ, ಜರಡಿಯ ಕಣ್ಣಿಗೆ ಸಿಕ್ಕಿ
ನಿಂತಿತ್ತು ಒಂದು ಕಡ್ಡಿ.
ತೊಳೆದೆ. ಕಡ್ಡಿಯಲ್ಲ.
ಮೂಳೆ, ಚಹಾದ ಬಣ್ಣ, ಮೊನೆ ಮುರಿದದ್ದು;
ಈಚೆ ತುದಿಯಲ್ಲಿ ಮಾತ್ರ, ಯಾರೂ ಮುಚ್ಚದೆ ಬಿಟ್ಟ
ಕಣ್ಣು.
ಅದರಲ್ಲಿ ಮಣ್ಣಿತ್ತು. ಮಗುವಿನ ಕಣ್ಣಿಗೆ ಬಿದ್ದ
ಕಸಕ್ಕೆ ಊದುವ ಹಾಗೆ ಊದಿದೆ.
ಮೂವತ್ತು ಸಾವಿರ ವರುಷ ಫುಸ್ಸೆಂದು ಹಾರಿ
ನದಿ ಕಾಣಿಸಿತು ಅದರೊಳಗಿಂದ, ದೋಣಿ ಸಮೇತ.

ತಪ್ಪು. ಗೊತ್ತು. ಮುಟ್ಟಬಾರದು, ಕರೆಯಬೇಕು,
ಅಳತೆಪಟ್ಟಿ, ಫೋಟೋ, ಚೀಲ, ನಂಬರು.
ಆದರೆ ಊಟದ ಹೊತ್ತು, ಎಲ್ಲರೂ ಗುಡಾರದಲ್ಲಿ,
ನನ್ನ ಜೇಬಲ್ಲಿ ಹಿಮಸಾರಂಗದ ನರ,
ಬೂಟಿಗೆಂದು ಹೊಸೆದದ್ದು.
ಎಂಜಲು ಹಚ್ಚಿ ಚೂಪು ಮಾಡಿದೆ.
ಮೊದಲ ಸಲ ತಪ್ಪಿತು. ಎರಡನೆಯದೂ.
ಮೂರನೆಯ ಸಲ
ಮನೆಯ ಬಾಗಿಲು ಗೊತ್ತಿರುವ ನಾಯಿಯ ಹಾಗೆ
ಒಳಗೆ ಹೋಯಿತು.

ಹೊಲಿಯಲಿಲ್ಲ. ಮೊನೆಯಿಲ್ಲದ ಸೂಜಿ
ಏನನ್ನು ಚುಚ್ಚೀತು? ಬರೀ ಹಿಡಿದು ಕೂತೆ,
ಈ ಕಡೆ ಎಳೆದರೆ ಈ ಕಡೆ,
ಆ ಕಡೆ ಎಳೆದರೆ ಆ ಕಡೆ.
ಸೊಳ್ಳೆ ಕಚ್ಚುತ್ತಿದ್ದರೂ ಕೊಡವಲಿಲ್ಲ.

ಆಮೇಲೆ ನರ ಬಿಡಿಸಿಕೊಂಡು ಕೂಗಿದೆ.
ಓಡಿ ಬಂದರು, ಕುಣಿದರು, ನನ್ನ ಕೈಗೆ
ಎರಡು ಸಕ್ಕರೆ ಹೆಚ್ಚಿಗೆ ಹಾಕಿದ ಚಹಾ ಕೊಟ್ಟರು.
ವಹಿಯಲ್ಲಿ ಬರೆದವಳು ನಾನೇ: ಸೂಜಿ, ಮೂಳೆ, ಭಗ್ನ.
ಷರಾ ಎನ್ನುವ ಅಂಕಣ ಖಾಲಿ ಬಿಟ್ಟೆ.

ರಾತ್ರಿ, ಬಿಸಿಲಲ್ಲಿ, ಉಕ್ಕಿನ ಸೂಜಿ ಹಿಡಿದು
ಅದೇ ನರದಲ್ಲಿ ಆ ಹುಡುಗನ ಹೆಬ್ಬೆರಳು ಹೊಲಿದೆ.
"ಬಿಗಿಯಾಯಿತು, ದೊಡ್ಡಮ್ಮಾ."
ಸಡಿಲಾಗುತ್ತದೆ, ಹಾಕ್ಕೋ ಅಂದೆ.
ದಂಡೆ ಮತ್ತೆಲ್ಲೋ ಧೊಪ್ಪೆಂದಿತು.