ತಡೆದದ್ದು

ಹಿಮಗಾಡಿಗೆ ನಾಲ್ಕು ನಾಯಿ ಸಾಕಾಗಲಿಲ್ಲ.
ಒಣಮೀನಿನಷ್ಟೂ ತೂಕವಿಲ್ಲದ ಮುದುಕಿ,
ಆದರೂ ಏಳು ಕಟ್ಟಬೇಕಾಯಿತು,
ಹಿಂದಿನಿಂದ ನಾನು, ಇಲ್ಡೋ, ಅವನ ಹೆಂಡತಿ ನೂಕಿದೆವು.

ತೊರ್ವೆಗೆ ಕಲ್ಲಿನ ಕೋಟೆಯಿಲ್ಲ. ಮೂರ್ನಾ ಇದ್ದಳು.
ದಿಬ್ಬದ ಮೇಲೆ ತುಪ್ಪಳ ಹಾಸಿ ಕೂತು
ನಾಲಗೆಯಡಿ ಉಪ್ಪಿನ ಹರಳಿಟ್ಟು, ಅಂಗೈ ಮುಂದೊಡ್ಡಿ
ಅವಳು ‘ಇರು’ ಎಂದರೆ
ಗಾಳಿ ಕೆನೆಗಟ್ಟುತ್ತಿತ್ತು.
ದೋಣಿಯವರ ಬಾಣ ಅಲ್ಲಿಗೆ ಬಂದು
ಮುರಿಯುತ್ತಲೂ ಇರಲಿಲ್ಲ, ಬೀಳುತ್ತಲೂ ಇರಲಿಲ್ಲ.
ಕಾಣೆಯಾಗುತ್ತಿತ್ತು, ಅಷ್ಟೆ.

ನಾವು ಕೆಳಗೆ ಮೀನು ಸೀಳುತ್ತ,
ಮದುವೆಗೆ ಕರೆಯಲಿಲ್ಲವೆಂದು ಮಾತುಬಿಡುತ್ತ
ನಲವತ್ತು ಚಳಿಗಾಲ ಬದುಕಿದೆವು.
ಹೋದ ಬಾಣ ಹೋದದ್ದೆಲ್ಲಿಗೆಂದು
ಕೇಳಲು ಯಾರಿಗೂ ಹೊಳೆಯಲಿಲ್ಲ.

ಶಿಷ್ಯಳಾಗಿ ಸೇರಿದ ದಿನ ಬೆನ್ನು ತಿಕ್ಕುವಾಗ ತಿಳಿಯಿತು.
ಚರ್ಮದಡಿ ಏನೋ ಗುಂಯ್‌ಗುಡುತ್ತಿತ್ತು,
ಬಿಗಿದ ಹಾಯಿಹಗ್ಗಕ್ಕೆ ಗಾಳಿ ಬಡಿದ ಹಾಗೆ.
“ಅವು ಇನ್ನೂ ಹಾರ್ತಾ ಇವೆ ಕಣೇ,” ಎಂದಳು.
“ನಿಲ್ಲಿಸೋಕೆ ನನ್ನಿಂದಾಗಲ್ಲ. ಜಾಗ ಕೊಟ್ಟಿದೀನಿ.
ಎಡಭುಜ ಸ್ವಲ್ಪ ಜೋರಾಗಿ ತಿಕ್ಕು.”

ಇವತ್ತು ಉಸಿರು ನೂಲಿನಷ್ಟಾಯಿತು.
ಊರೊಳಗೆ ಸತ್ತರೆ ಊರು ಉಳಿಯದು.
ಅದಕ್ಕೇ ಹೆಪ್ಪುಗಟ್ಟಿದ ಕೆರೆಯ ನಟ್ಟನಡುವೆ
ಇಳಿಸಿ, ತುಪ್ಪಳ ಹೊದಿಸಿ,
ಎರಡು ಕೂಗಳತೆ ಓಡಿ ಬಂಡೆಯ ಮರೆಗೆ ನಿಂತೆವು.

ಮೊದಲು ಒಂದೇ ಒಂದು ಸಿಳ್ಳು.
ಆಮೇಲೆ ನಲವತ್ತು ವರ್ಷದ ಯುದ್ಧ ಒಮ್ಮೆಗೇ ಎದ್ದಿತು:
ಬಾಣ, ಭರ್ಜಿ, ಉರಿವ ಎಣ್ಣೆಯ ಗಡಿಗೆ,
ಮಗನನ್ನು ಕಳಕೊಂಡ ಯಾವಳೋ ನಮ್ಮೂರಿಗಿಟ್ಟ ಶಾಪ,
ಎಂದೋ ಸತ್ತ ಬಿಲ್ಲುಗಾರರ ಗುರಿ ಇನ್ನೂ ಮಾಸದೆ
ಸುತ್ತ ಎಲ್ಲ ದಿಕ್ಕಿಗೂ ಚಿಮ್ಮಿ, ಮಂಜುಗಡ್ಡೆಗೆ ನಾಟಿ,
ಕೆರೆ ಕರ್ರಗೆ ಬಿರಿದು
ಅವಳನ್ನು ಒಳಗೆಳೆದುಕೊಂಡಿತು.

ಎಲ್ಲ ಮುಗಿಯಿತೆಂದು ಹೊರಟಾಗ
ಟಣ್ ಟಣ್ಣೆಂದು ಪುಟಿಯುತ್ತ
ಒಂದು ಬೆಣಚುಕಲ್ಲು ಬಂದು ನನ್ನ ಬೂಟಿಗೆ ತಾಗಿತು.

ಆರು ವರ್ಷದವಳಿದ್ದೆ.
ದಿಬ್ಬದ ಕೆಳಗೆ ನಿಂತು ಏನೋ ಕೂಗಿ ಎಸೆದಿದ್ದೆ.
ಏನೆಂದು ಮರೆತಿದೆ.
ಅದನ್ನೂ ತಡೆದಿದ್ದಳೇನೋ ಎಂದು
ಬಹಳ ಹೊತ್ತು ಕಿವಿಗೊಟ್ಟೆ.
ನೀರಿನ ಸದ್ದು. ನಾಯಿಗಳ ಏದುಸಿರು.

ಕಲ್ಲು ಬೆಚ್ಚಗಿತ್ತು. ಜೇಬಿಗಿಳಿಸಿದೆ,
ಅವಳು ಕೊಟ್ಟ ಉಪ್ಪಿನ ಹರಳಿನ ಪಕ್ಕ.

ವಾಪಸು ಗಾಡಿಗೆ ಎರಡು ನಾಯಿ ಧಾರಾಳವಾಗಿತ್ತು.
ನಾನು ಹತ್ತಿ ಕೂತೆ.
ಇಲ್ಡೋ ನನ್ನತ್ತ ನೋಡಿದ,
ಏನೂ ಹೇಳದೆ
ಮೂರನೆಯದನ್ನೂ ಕಟ್ಟಿದ.