ಅರಗು

ಪಾಲಹಳ್ಳಿ ಚೌರಪ್ಪ ನಾನು, ಅಂಚೆ ಓಡುವವನು.
ಕಾವಿ ಉಟ್ಟ ಪಾದ್ರಿಸ್ವಾಮಿ ರೋಮಾಪುರಿಗೆ ಬರೆದ ಓಲೆ
ಶ್ರೀರಂಗಪಟ್ಟಣದ ಕೋಟೆಬಾಗಿಲಲ್ಲಿ ಒಂದಿರುಳು ತಂಗುತ್ತಿತ್ತು.
ಕಾಸಿದ ದಬ್ಬಣದಲ್ಲಿ ಅರಗು ಎಬ್ಬಿಸುವುದು ನನ್ನ ಕೆಲಸ.
ಒಳಗಿನ ಇರುವೆಸಾಲು ನಕಲಿಳಿಸುವುದು
ಗುರಿಕಾರ ಕೆಂಪನಂಜಯ್ಯನದು.
ಓದಲು ಬಾರದು ಇಬ್ಬರಿಗೂ.
ಓಲೆಗೊಂದು ಹಣ;
ಆ ಹಣ ಮಗಳ ಕಿವಿಗೆ ಓಲೆಯಾಯಿತು.

ತಪಸ್ಸುಕಾಲದ ಒಂದು ಶುಕ್ರವಾರ
ಮಂಡಿಯೂರಿ ಎಲ್ಲ ಹೇಳಿಬಿಟ್ಟೆ.
ಬಿದಿರುತಟ್ಟಿಯ ಆಚೆ ಕೆಮ್ಮು, ನಶ್ಯದ ಘಾಟು.
'ಗೊತ್ತು ಕಣಪ್ಪ. ಗೋವೆಯಿಂದ ಬಂದ ಜವಾಬಿನ ಅರಗಿನಲ್ಲಿ
ನಿನ್ನ ಹೆಬ್ಬೆರಳ ಗೆರೆಯಿತ್ತು.
ಅದಕ್ಕೇ ನಿನ್ನ ಕೈಲಿ ಕಳಿಸುವುದರಲ್ಲಿ
ರಾಗಿಯ ಧಾರಣೆ, ನನ್ನ ಮಂಡಿನೋವು, ಅಷ್ಟೇ.'
ಮಿಕ್ಕಿದ್ದು ಯಾವ ಮೆಣಸಿನ ಮೂಟೆಯಲ್ಲಿ ಹೋಗುತ್ತದೋ
ನಾನು ಕೇಳಲಿಲ್ಲ.

ಮೂರು ಜಪ ವಿಧಿಸಿ ಕಳಿಸಿದರು.
ಕೇಳಿದ್ದನ್ನು ಅವರು ಯಾರಿಗೂ ಹೇಳುವಂತಿಲ್ಲ,
ಪೋಪರಿಗೂ.
ಆ ಬಾಯಿಗೆ ಬಿದ್ದ ಅರಗು
ಯಾವ ದಬ್ಬಣಕ್ಕೂ ಏಳದು.

ನನ್ನ ಬಾಯಿಗೆ ಅಂಥದ್ದೇನೂ ಇಲ್ಲವಲ್ಲ.
ಹೊರಗೆ ಹುಣಸೆಮರದಡಿ ಗುರಿಕಾರ
ಎಲೆಯಡಿಕೆ ಉಗಿದು ಕೇಳಿದ:
'ಏನಂದ್ರೋ ಪಾದ್ರಿ?'
'ಮಂಡಿನೋವಂತೆ' ಅಂದೆ.