ಆರನೆಯ ಮನೆ

ರಾತ್ರಿ ಹನ್ನೊಂದೂವರೆ. ತಿಲಕವಾಡಿ, ಮೂರನೇ ಮಹಡಿ.
ಕಿಟಕಿಗೆ ಮಂಜು ಬಂದು ಮೂಗು ಒತ್ತಿದೆ.
ಮುಂದೆ ಒಂದು ಚಾರ್ಟು:
ಕಡಲಾಚೆಯ ಊರು, ಗಂಡಸು, ವಯಸ್ಸು ಮೂವತ್ತನಾಲ್ಕು,
ಹೆಸರಿನ ಮೇಲೆ ಕಪ್ಪು ಪಟ್ಟಿ.
ಬಾಂಬು ಸಿಡಿದಲ್ಲಿಗೆ ಓಡಿದ ಅಗ್ನಿಶಾಮಕ.
ಎಡ ಮುಂಗೈಯಲ್ಲಿ ಗಾಜು,
ಎಡಗಿವಿಯ ತಮಟೆ ಹರಿದಿದೆ.

ಗಾಯಕ್ಕೆ ಬೇರೆ ಕೋಡು, ಗಾಯದ ಕಾರಣಕ್ಕೆ ಬೇರೆ.
ಈಗ ಕಾರಣ ಕಟ್ಟುತ್ತಿದ್ದೇನೆ:
ವೈ, ಮೂರು, ಎಂಟು, ಎರಡು...
ಏಳು ಮನೆಗಳ ಸಾಲು.
ಅವ್ವ ನೋಡಿದರೆ ಯಾರ ಕುಂಡಲಿ ಅಂತ ಕೇಳಿಯಾಳು.

ಐದನೆಯದು, ಅವ್ವನ ಲೆಕ್ಕದಲ್ಲಿ, ಸಂತಾನದ ಮನೆ.
ಇಲ್ಲಿ ಅದಕ್ಕೆ ಎಕ್ಸ್.
ಅರ್ಥ ಏನೂ ಇಲ್ಲ. ಖಾಲಿ ಬಿಡಬಾರದು, ಅಷ್ಟೇ.

ಆರನೆಯದು ರೋಗ, ಋಣ, ಶತ್ರು.
ಇಲ್ಲಿ ಕೂಡಬಹುದಾದ ಅಂಕಿ ಮೂರೇ:
ಒಂದು, ಕರ್ತವ್ಯದ ಮೇಲೆ ಬಂದವನು.
ಎರಡು, ಸಾಮಾನ್ಯ ಮನುಷ್ಯ.
ಮೂರು, ಬಾಂಬು ಇಟ್ಟವನು. ಗಾಯವಾದರೆ
ಅವನಿಗೂ ಇದೇ ಮನೆ, ಇದೇ ಚಾಪೆ.

ಭಯೋತ್ಪಾದನೆ ಹೌದೆಂದು ಅಲ್ಲಿಯ ತನಿಖೆಯವರು ಹೇಳಿರಬೇಕು,
ಬರೀ ಶಂಕೆಯಾದರೆ ಅದು ಹಲ್ಲೆ.
ಹೇಳಿದ್ದಾರೆ.
ಒಂದು ಒತ್ತಿದೆ.

ಎರಡನೆಯ ಚಾರ್ಟು. ಅದೇ ದಿನ, ಅದೇ ಬೀದಿ.
ಹಣ್ಣಿನ ಗಾಡಿಯವನು.
ನರ್ಸು ಬರೆದಿದ್ದಾಳೆ: ಗಾಡಿ ಬಿಟ್ಟು ಹೊಗೆಯೊಳಗೆ ಹೋದ,
ಇಬ್ಬರನ್ನು ಹೊತ್ತು ತಂದ, ಮೂರನೆಯ ಸಲ ಹೋದಾಗ
ಮೇಲಿನ ತೊಲೆ ಬಿತ್ತು.
ಆಗಿನ್ನೂ ಅಗ್ನಿಶಾಮಕದ ಲಾರಿ ಬಂದಿರಲಿಲ್ಲ.

ಆಡಿಟಿನ ಸುಲಭಾ ಮೇಡಂ ಕುರ್ಚಿ ತಿರುಗಿಸದೆ ಕೇಳಿದರು:
"ಯುನಿಫಾರ್ಮ್ ಇತ್ತೇನ?"
"ಇಲ್ರಿ."
"ಮತ್ತ ಎರಡ ಹಾಕು. ಊಟ ಮಾಡ್ದೆ?"

ನಮ್ಮ ಕಡೆ ಹಳಬರು ಬೆಂಕಿಯ ಲಾರಿಗೆ ಬಂಬ ಅನ್ನುತ್ತಾರೆ.
ಅಪ್ಪ ಬಂಬಿನ ಡ್ರೈವರ್.
ಹತ್ತೊಂಬತ್ತು ವರ್ಷದ ಹಿಂದೆ ವಡಗಾವಿಯ ಮಗ್ಗದ ಓಣಿ,
ಓಣಿ ಸಣ್ಣದು, ಬಂಬ ದೊಡ್ಡದು.
ಡ್ರೈವರ್ ಪಂಪಿನ ಹತ್ತಿರ ನಿಲ್ಲತಕ್ಕದ್ದು.
ಅಪ್ಪ ನಿಲ್ಲಲಿಲ್ಲ.
ಸಿಲಿಂಡರು ಅವನ ಎಡಗಿವಿಯ ಪಕ್ಕದಲ್ಲೇ ಮಾತಾಡಿತು.
ಠಾಣೆಯ ರಿಜಿಸ್ಟರಿನಲ್ಲಿ: ಚಾಲಕ ಬಾಳಪ್ಪ ಹುದಲಿ,
ವಾಹನದ ಬಳಿ ಹಾಜರು.

ನಮ್ಮ ಕಸುಬಿನ ಮೊದಲ ಪಾಠ:
ಬರೆದಿಲ್ಲವೆಂದರೆ ನಡೆದಿಲ್ಲ.

ಅಪ್ಪನ ಹೆಗಲ ಮೇಲೆ ಹೊರಗೆ ಬಂದ ಪರಶುರಾಮ ಕಾಮಕರ
ಪ್ರತಿ ದೀಪಾವಳಿಗೆ ಒಂದು ಸೀರೆ ನೇಯ್ದು ತರುತ್ತಾನೆ.
ಹೊಸ್ತಿಲ ಮೇಲೆ ಇಟ್ಟು ಹೋಗುತ್ತಾನೆ, ಕೂಡುವುದಿಲ್ಲ.
ಅವ್ವನ ಟ್ರಂಕಿನಲ್ಲಿ ಹದಿನೆಂಟು ಇವೆ.
ಒಂದನ್ನು ನನ್ನ ಅಕ್ಕ ಉಟ್ಟುಕೊಂಡು ಗಂಡನ ಮನೆಗೆ ಹೋದಳು.
ಆ ಟ್ರಂಕನ್ನು ಯಾವ ಆಡಿಟಿಗೆ ಕಳಿಸಲಿ?

ಇನ್ನು ಏಳನೆಯ ಮನೆ. ಕಳತ್ರದ್ದು.
ಎ ಅಂದರೆ ಗಾಯ ಹಸಿ.
ಡಿ ಅಂದರೆ ಮಾಯುತ್ತಿದೆ, ತೋರಿಸಲು ಬಂದಿದ್ದಾನೆ.
ಎಸ್ ಅಂದರೆ ಗಾಯ ಹೋಗಿ ಉಳಿದದ್ದು.
ಅವ್ವ ಹತ್ತೊಂಬತ್ತು ವರ್ಷದಿಂದ ಅಪ್ಪನ ಬಲಕ್ಕೇ ಕೂಡುತ್ತಾಳೆ,
ಮದುವೆ ಮನೆಯಲ್ಲಿ, ಬಸ್ಸಿನಲ್ಲಿ, ಒಲೆಯ ಮುಂದೆ.
ಬಸ್ಸಿನ ಬಲಕ್ಕೆ ಬಿಸಿಲು ಬಂದರೂ.

ಹಣ್ಣಿನವನಿಗೆ ಎರಡು ಹಾಕಿದೆ.
ನಿಯಮ ಸರಿ ಇದೆ, ನನಗೂ ಗೊತ್ತು,
ಅವನ ಬಿಲ್ಲು ತಡೆಯಬಾರದು.

ಬೆಳಿಗ್ಗೆ ಟೆಂಪೋ ಇಳಿದಾಗ ಮಂಜು ಇನ್ನೂ ಮೊಣಕಾಲಮಟ್ಟ.
ಅಪ್ಪ ಕಟ್ಟೆಯ ಮೇಲೆ ಚಹಾ ಹಿಡಿದು ಕೂತಿದ್ದ.
ಗೊತ್ತಿದ್ದೂ ಎಡಕ್ಕೆ ಕೂತೆ.
ಅವನ ಕೋಡು ಮೆಲ್ಲಗೆ ಹೇಳಿದೆ, ಮನೆಯಿಂದ ಮನೆಗೆ.
ಆರನೆಯದಕ್ಕೆ ಬಂದು ನಿಂತೆ.
ಒಂದೋ, ಎರಡೋ?

ಅಪ್ಪ ಕಪ್ಪನ್ನು ಬೆಳಕಿಗೆ ಹಿಡಿದು ನೋಡಿದ.
"ಸಕ್ಕರಿ ಕಡಿಮಿ ಆಗೇತಿ," ಅಂದ,
"ನಿಮ್ಮವ್ವಗ ಹೇಳಬ್ಯಾಡ."